ಹುಲಿಯ ಕಣ್ಣುಕಟ್ಟು

ಪುಣೆ
9 ಫೆಬ್ರುವರಿ 2025

ಸೀಮಾ,

ಫೋನು ಮಾಡಿದರೆ ನೀನು ಎತ್ತುವುದಿಲ್ಲ. ಎತ್ತಿದರೂ ನಿಮ್ಮ ಮನೆಯಲ್ಲಿ ಫೋನು ಯಾವಾಗಲೂ ಸ್ಪೀಕರಿನ ಮೇಲೇ ಇರುತ್ತದೆ, ನಿಮ್ಮವ್ವ ನಿಂಬೆವ್ವ ಒಲೆಯ ಮುಂದೆ ಕೂತೇ ನಿನ್ನ ಬದಲು ಉತ್ತರ ಕೊಡುತ್ತಾಳೆ. ಅದಕ್ಕೇ ಈ ಕಾಗದ. ಕಲಬುರಗಿಯ ಹಾಸ್ಟೆಲಿನ ಒಂದೇ ಕೋಣೆಯಲ್ಲಿದ್ದು, ಒಂದೇ ಡಬ್ಬಿಯ ಬಣ್ಣ ಹಂಚಿಕೊಂಡು ಚಿತ್ರಕಲೆ ಕಲಿತ ಇಬ್ಬರು ಐದು ವರ್ಷದಿಂದ ಮಾತು ಬಿಟ್ಟು ಕೂತಿದ್ದೇವೆ. ಮೊದಲು ಸೋತವಳು ನಾನೇ ಆಗಲಿ, ನನಗೇನೂ ಬೇಸರವಿಲ್ಲ. ಸುಳ್ಳು ಹೇಳಿದೆ, ಸ್ವಲ್ಪ ಇದೆ.

ವಿಷಯಕ್ಕೆ ಬರುತ್ತೇನೆ. ಮೂರು ವರ್ಷದಿಂದ ನಾನು ಒಂದು ಪ್ರದರ್ಶನ ಮಾಡುತ್ತಿದ್ದೇನೆ, ಅದರ ಹೆಸರು ‘ಕಣ್ಣುಕಟ್ಟು’. ತೋಳು, ಬೆನ್ನು, ಕಾಲು, ಮುಖಕ್ಕೆಲ್ಲ ಹಳದಿ ಬಣ್ಣ ಬಳಿದುಕೊಂಡು, ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ವೇದಿಕೆಯ ನಡುವೆ ನಿಲ್ಲುತ್ತೇನೆ. ನೋಡಲು ಬಂದವರು ಒಬ್ಬೊಬ್ಬರಾಗಿ ಬಂದು ಕಪ್ಪು ಬಣ್ಣದಲ್ಲಿ ನನ್ನ ಮೈಮೇಲೆ ಒಂದೊಂದು ಪಟ್ಟೆ ಎಳೆಯಬೇಕು. ಮುಕ್ಕಾಲು ಗಂಟೆ ನಾನು ಅಲ್ಲಾಡುವಂತಿಲ್ಲ, ಯಾರು ಬಂದರೆಂದು ನೋಡುವಂತಿಲ್ಲ. ಕೊನೆಗೆ ಬಟ್ಟೆ ಬಿಚ್ಚಿ ಕನ್ನಡಿ ನೋಡಿಕೊಳ್ಳುತ್ತೇನೆ. ಜನ ನನ್ನನ್ನು ಎಂಥ ಹುಲಿ ಮಾಡಿದ್ದಾರೆಂದು ತಿಳಿಯುವುದು ಆಗಲೇ. ಕಳೆದ ಸಲ ಒಬ್ಬ ಮಹಾಶಯ ಭುಜದ ಮೇಲೆ ತನ್ನ ಫೋನ್ ನಂಬರು ಬರೆದು ಹೋಗಿದ್ದ. ಬೆವರಿಗೆ ಎರಡು ಅಂಕಿ ಅಳಿಸಿಹೋಗಿದ್ದವು, ಪಾಪ.

ಇದೆಲ್ಲ ಎಲ್ಲಿಂದ ಬಂತೆಂದು ನಿನಗೆ ಹೇಳಬೇಕಿಲ್ಲ. 2019ರ ಮೊಹರಮ್ಮಿಗೆ ನಿಮ್ಮ ಇಜೇರಿಗೆ ಬಂದಿದ್ದೆ. ನಿಮ್ಮಪ್ಪ ಸೈದಪ್ಪ ಕಾಕಾ ಹದಿನಾರು ಜನರಿಗೆ ಹುಲಿವೇಷದ ಬಣ್ಣ ಹಚ್ಚಿದ್ದರು. ಬಣ್ಣದ ಕೋಣೆಗೆ ಹೆಂಗಸರು ಹೋಗುವಂತಿಲ್ಲವೆಂದು ನಾನು ಹೊರಗೇ ನಿಂತಿದ್ದೆ. ಮೈತುಂಬ ಪಟ್ಟೆ ಬರೆಸಿಕೊಂಡ ಗಂಡಸರು ಕಣ್ಣಿಗೆ ಬಟ್ಟೆ ಕಟ್ಟಿಕೊಂಡೇ ಒಬ್ಬೊಬ್ಬರಾಗಿ ಬಾಗಿಲಿಗೆ ಬರುತ್ತಿದ್ದರು. ಕಾಕಾ ಕುಂಚ ಹಿಡಿದ ಕೈಯಿಂದಲೇ ಆ ಬಟ್ಟೆ ಬಿಚ್ಚುತ್ತಿದ್ದರು. ಯಾಕೆ ಕಟ್ಟುತ್ತೀರಿ ಎಂದು ಕೇಳಿದೆ. “ಹುಲಿಮರಿ ಹುಟ್ಟೂ ಮುಂದ ಕಣ್ಣ ಮುಚಗೊಂಡೇ ಹುಟ್ತದ ಯವ್ವಾ. ಕಣ್ಣ ಬಿಡಸಾಕ ನಾ ಇದ್ದೇನಿ,” ಎಂದರು.

ಮರುದಿನ ನನಗೂ ಬಣ್ಣ ಹಚ್ಚಿರಿ ಎಂದೆ. ಕಾಕಾ ನಿನ್ನನ್ನು ಒಳಗೆ ಕರೆದರು, ಏನೋ ಹೇಳಿದರು, ಹೊರಗೆ ಬಂದು ಆಗುವುದಿಲ್ಲ ಎಂದರು. ನೀನು ಪಕ್ಕದಲ್ಲೇ ನೆಲ ನೋಡುತ್ತ ನಿಂತಿದ್ದೆ. ಅವತ್ತು ಸಂಜೆ ಬಸ್ಸು ಹತ್ತಿದವಳು ನಾನು ಮತ್ತೆ ಬರಲಿಲ್ಲ. ನಿಮ್ಮಪ್ಪ ಬಣ್ಣ ಕೊಡಲಿಲ್ಲ, ಕತೆ ಕೊಟ್ಟರು. ಕೊಟ್ಟದ್ದನ್ನು ನಾನು ಬಿಡಲಿಲ್ಲ.

ಈಗ ಜೂನ್ 8ಕ್ಕೆ ಕಲಬುರಗಿಯಲ್ಲೇ ಪ್ರದರ್ಶನಕ್ಕೆ ಕರೆದಿದ್ದಾರೆ. ಕರಪತ್ರದಲ್ಲಿ ‘ಇಜೇರಿಯ ನೂರಾರು ವರ್ಷಗಳ ಪದ್ಧತಿ’ ಎಂದು ಬರೆಸಿದ್ದೇನೆ. ಕಾಕಾ ಬಂದು ವೇದಿಕೆಯ ಮೇಲೆ ತಮ್ಮ ಕೈಯಿಂದ ನನ್ನ ಕಣ್ಣು ಬಿಡಿಸಲಿ ಎಂದು ಆಸೆ. ಕಾರು ಕಳಿಸುತ್ತೇನೆ. ಕೇಳಿ ಹೇಳು.

ಹಳೆಯ ಸಿಟ್ಟು ಮತ್ತು ಹಳೆಯ ಪ್ರೀತಿಯಿಂದ,
ಮಧುಮತಿ

*

ಇಜೇರಿ
3 ಮಾರ್ಚ್ 2025

ಮಧುಮತಿ,

ಕಾಗದ ತಲುಪಿತು. ಅಪ್ಪ ಬರುವುದಿಲ್ಲ. ಅವನಿಗೆ ಎಪ್ಪತ್ತೊಂದು ತುಂಬಿತು, ಕಾರಿನಲ್ಲಿ ಕೂತರೆ ವಾಂತಿ ಆಗುತ್ತದೆ.

ಇನ್ನೊಂದು ಮಾತು. ಆ ಕಣ್ಣಿಗೆ ಬಟ್ಟೆ ಕಟ್ಟುವುದನ್ನು ತೆಗೆದುಬಿಡು. ಬೇರೆ ಏನಾದರೂ ಮಾಡು, ನಿನಗೆ ತಲೆ ಇದೆ. ಕರಪತ್ರದಿಂದ ನಮ್ಮೂರ ಹೆಸರನ್ನೂ ತೆಗೆಸು. ಯಾಕೆಂದು ಕೇಳಬೇಡ.

ನಾನು ಇದ್ದೇನೆ. ಜೇವರ್ಗಿಯಲ್ಲಿ ಅಂಗಡಿಗಳ ಬೋರ್ಡು, ಟ್ರ್ಯಾಕ್ಟರುಗಳ ನಂಬರ್ ಪ್ಲೇಟು ಬರೆಯುತ್ತೇನೆ. ಎಲ್ಲದರ ಮೂಲೆಯಲ್ಲೂ ‘ಸೈದಪ್ಪ ಪೇಂಟರ್’ ಎಂದೇ ಇರುತ್ತದೆ.

ಸೀಮಾ

*

ಪುಣೆ
12 ಮಾರ್ಚ್ 2025

ಸೀಮಾ,

ಯಾಕೆಂದು ಕೇಳಬೇಡ ಎಂದರೆ ಸುಮ್ಮನಿರುವವಳೇ ನಾನು? ನೀನು ಬರೆಯದೆ ಬಿಟ್ಟ ಉತ್ತರವನ್ನು ನಾನೇ ಬರೆಯುತ್ತೇನೆ, ಓದಿಕೊ.

ನಮ್ಮ ಸರಸಂಬಾದಲ್ಲಿ ತಾತ ಶಿವರಾಯ ಮೂವತ್ತು ವರ್ಷ ಹುಲಿಗಳ ಮುಂದೆ ಹಲಗೆ ಬಾರಿಸಿದ. ಅವನ ಹಲಗೆ ಇಲ್ಲದೆ ಒಂದು ಹುಲಿಯ ಹೆಜ್ಜೆಯೂ ಏಳುತ್ತಿರಲಿಲ್ಲ. ಒಂದು ಸಲ ಅವನೂ ಆಸೆಪಟ್ಟು, ನನಗೂ ಬಣ್ಣ ಹಚ್ಚಿರಿ ಎಂದು ಕೇಳಿದನಂತೆ. “ನೀ ಬಾರಸು ಲೇ, ಹುಲಿ ನಾವ್ ಆಗ್ತೇವಿ,” ಎಂದರಂತೆ. ಅದೇ ವರ್ಷ ಹಲಗೆ ಇಳಿಸಿಟ್ಟ. ಮಗನಿಗೆ ಜೈಭೀಮ ಎಂದು ಹೆಸರಿಟ್ಟು ಶಾಲೆಗೆ ಕಳಿಸಿದ. ಆ ಮಗ ಮೇಷ್ಟ್ರಾಗಿ ನಿವೃತ್ತನಾದ, ಅವನ ಮಗಳು ನಾನು. ಹೀಗಿರುವಾಗ ನಿಮ್ಮಪ್ಪ ಅವತ್ತು ಆಗುವುದಿಲ್ಲ ಎಂದಾಗ ಯಾವ ಬಾಗಿಲು ಮುಚ್ಚಿತೆಂದು ನನಗೆ ತಿಳಿಯದೆ ಇರುತ್ತದೆಯೇ?

ನಿಮ್ಮಪ್ಪನ ಮೇಲೆ ನನಗೆ ಅಷ್ಟು ಸಿಟ್ಟಿಲ್ಲ, ಅವರು ಹಳೆಯ ಕಾಲದವರು. ಸಿಟ್ಟು ನಿನ್ನ ಮೇಲೆ. ನನ್ನ ತಟ್ಟೆಯಲ್ಲಿ ಕೈ ಹಾಕಿ ಉಂಡವಳು ನೀನು. ಜ್ವರ ಬಂದಾಗ ನನ್ನ ಮಡಿಲಲ್ಲಿ ಮಲಗಿದವಳು. ಒಂದು ಮಾತು, ಬರೀ ಒಂದು ಮಾತು ಆಡಬಹುದಿತ್ತು. ಐದು ವರ್ಷ ಆ ಒಂದು ಮಾತಿಗೆ ಕಾದಿದ್ದೇನೆ ಎಂದು ನಿನಗೆ ಗೊತ್ತೇ?

ಈ ಸಲ ಹಳದಿ ಬಿಟ್ಟು ನೀಲಿ ಬಳಿದುಕೊಳ್ಳುತ್ತೇನೆ. ಫೋನಿನಲ್ಲಿ ಹೇಳಿದಾಗ ಅಪ್ಪ ನಕ್ಕ. ನೀಲಿ ಹುಲಿಯನ್ನು ಯಾವ ಕಾಡಿನಲ್ಲಿ ನೋಡಿದೆ ಎಂದು ಕೇಳಿದ. ಮನೆಯಲ್ಲೇ ನೋಡಿದ್ದೇನೆ ಎಂದೆ.

ಬಟ್ಟೆ ತೆಗೆಯುವುದಿಲ್ಲ. ಊರ ಹೆಸರೂ ತೆಗೆಯುವುದಿಲ್ಲ. ತೆಗೆಯಬೇಕಾದರೆ ಕಾರಣ ಹೇಳು.

ಮಧುಮತಿ

*

ಜೇವರ್ಗಿ
20 ಏಪ್ರಿಲ್ 2025

ಮಧು,

ಈ ಕಾಗದ ಬರೆಯಲು ಒಂದು ತಿಂಗಳ ಮೇಲೆ ಬೇಕಾಯಿತು. ಮನೆಯಲ್ಲಿ ಕೂತು ಬರೆಯುವಂತಿಲ್ಲ. ಒಂದು ಕಿರಾಣಿ ಅಂಗಡಿಯ ಬೋರ್ಡು ಬರೆಯಲು ಬಂದು, ಮೊದಲ ಬಣ್ಣ ಒಣಗಲಿ ಎಂದು ಕಟ್ಟಿಗೆಯ ಅಟ್ಟಣಿಗೆಯ ಮೇಲೆಯೇ ಕೂತು ಬರೆಯುತ್ತಿದ್ದೇನೆ. ಓದಿ ಒಲೆಗೆ ಹಾಕು.

ಕಣ್ಣಿಗೆ ಬಟ್ಟೆ ಕಟ್ಟುವುದು ನೂರಾರು ವರ್ಷದ ಪದ್ಧತಿ ಅಲ್ಲ. ಅದಕ್ಕೆ ಹದಿಮೂರು ವರ್ಷ. ಅದು ಶುರುವಾದದ್ದು ನನ್ನಿಂದ.

2012ರಲ್ಲಿ ಅಪ್ಪನ ಕೈ ನಡುಗಲು ಹತ್ತಿತು. ಬೋರ್ಡುಗಳ ಚಿಂತೆ ಇರಲಿಲ್ಲ, ಬಿಸಿಲಲ್ಲಿ ಅಟ್ಟಣಿಗೆ ಹತ್ತಿ ಯಾರು ಬರೆಯುತ್ತಾರೆಂದು ಯಾರೂ ತಲೆ ಎತ್ತಿ ನೋಡುವುದಿಲ್ಲ. ಹುಲಿಯದು ಹಾಗಲ್ಲ. ಹುಲಿಯ ಪಟ್ಟೆಯನ್ನು ಕುಂಚ ಎತ್ತದೆ ಒಂದೇ ಉಸಿರಿಗೆ ಎಳೆಯಬೇಕು, ಕೈ ನಡುಗಿದರೆ ಹುಲಿ ಹೋಗಿ ಬೆಕ್ಕಾಗುತ್ತದೆ. ಆ ಮೊಹರಮ್ಮಿಗೆ ಮೊದಲನೆಯವನ ಬೆನ್ನ ಮೇಲೆ ಅಪ್ಪ ಎಳೆದ ಪಟ್ಟೆ ಹಾವು ಹರಿದ ಹಾಗೆ ಹೋಯಿತಂತೆ. ಬಣ್ಣ ಕೆಟ್ಟಿದೆ ಎಂದು ಸುಳ್ಳು ಹೇಳಿ ಅವನನ್ನು ಹೊರಗೆ ಕಳಿಸಿ, ಅಡುಗೆಮನೆಗೆ ಬಂದು ನನ್ನ ಮುಂದೆ ನಿಂತ. “ನೀ ಹಚ್ಚು ಬೇ. ಅವರ ಕಣ್ಣ ನಾ ನೋಡಕೋತೇನಿ,” ಎಂದ. ತನ್ನ ಹಳೆಯ ಧೋತರ ಹರಿದು ಪಟ್ಟಿ ಮಾಡಿದ. ಹುಲಿಮರಿಯ ಕತೆಯನ್ನು ಅಲ್ಲೇ, ನಿಂತ ಕಾಲಲ್ಲಿ ಕಟ್ಟಿದ.

ನಗು ಬರುವ ಮಾತೆಂದರೆ, ಮೂರನೆಯ ವರ್ಷಕ್ಕೆ ಊರ ಹಿರಿಯರೇ ಇದು ತಮ್ಮ ಮುತ್ತಜ್ಜನ ಕಾಲದಿಂದ ನಡೆದು ಬಂದದ್ದು ಎನ್ನತೊಡಗಿದರು. ಎಂಟನೆಯ ವರ್ಷಕ್ಕೆ ನೀನು ಬಂದೆ, ನಂಬಿದೆ. ಓದಿದವಳು ನಂಬಿದ್ದಾಳೆ ಎಂದು ಅಪ್ಪನಿಗೂ ಧೈರ್ಯ ಬಂತು.

ನಾನು ಅಡುಗೆಮನೆಯ ಕಡೆಯ ಸಣ್ಣ ಬಾಗಿಲಿನಿಂದ ಹೋಗುತ್ತೇನೆ. ಬಳೆ, ಕಾಲ್ಗೆಜ್ಜೆ ಏನೂ ಇಲ್ಲ, ಸೆರಗು ಸೊಂಟಕ್ಕೆ ಬಿಗಿದಿರುತ್ತೇನೆ. ಹಳದಿ ಎರಡು ಸಲ, ಹೊಟ್ಟೆಗೆ ಬಿಳಿ, ಆಮೇಲೆ ಕಪ್ಪು. ಅಪ್ಪ ಮೂಲೆಯಲ್ಲಿ ನಿಂತಿರುತ್ತಾನೆ. ಮುಗಿದ ಮೇಲೆ ನಾನು ಅಡುಗೆಮನೆಗೆ ಬಂದು ರೊಟ್ಟಿ ತಟ್ಟುತ್ತೇನೆ, ಅವನು ಕುಂಚ ಹಿಡಿದು ಬಾಗಿಲಲ್ಲಿ ಕಣ್ಣು ಬಿಡಿಸುತ್ತಾನೆ. ಹಲಗೆಯ ಸದ್ದಿಗೆ ನನ್ನ ಹುಲಿಗಳು ಕುಣಿಯುವುದನ್ನು ನಾನು ಬೇರೆ ಹೆಂಗಸರ ಜೊತೆ ಕಟ್ಟೆಯ ಮೇಲೆ ನಿಂತು ನೋಡುತ್ತೇನೆ. ಈ ಸಲ ಸೈದಪ್ಪನ ಕೈ ಬಹಳ ಚಂದ ಕೂತಿದೆ ಎಂದು ಅವರು ಹೇಳಿದರೆ ಹೌದು ಹೌದು ಎನ್ನುತ್ತೇನೆ.

ಈಗ ನಿನ್ನ ವಿಷಯ. ಅವತ್ತು ಒಳಗೆ ಕರೆದು ಅಪ್ಪ ಹೇಳಿದ್ದು ಒಂದೇ ಮಾತು: “ಆ ಹುಡುಗಿ ಕಣ್ಣ ಮುಚ್ಚಾಕಿ ಅಲ್ಲ ಬೇ.” ನೀನು ಮುಚ್ಚಿದರೂ ನನ್ನ ಕೈಯನ್ನು ಗುರುತಿಸುತ್ತಿದ್ದೆ. ಹಾಸ್ಟೆಲಿನಲ್ಲಿ ನಿನ್ನ ಬೆನ್ನ ಮೇಲೆ ನಾನು ಬೆರಳಿನಿಂದ ಅಕ್ಷರ ಬರೆದರೆ ಒಂದೂ ತಪ್ಪದೆ ಓದುತ್ತಿದ್ದವಳು ನೀನು. ಅದಕ್ಕೇ ಆಗುವುದಿಲ್ಲ ಎಂದದ್ದು.

ಜಾತಿ ಇರಲೇ ಇಲ್ಲವೆಂದು ನಾನು ಆಣೆ ಮಾಡಲಾರೆ. ಅಪ್ಪನ ಮನಸ್ಸಿನ ತಳದಲ್ಲಿ ಏನಿತ್ತೋ, ನಾನು ಇಳಿದು ನೋಡಿಲ್ಲ. ಆದರೆ ನೀನು ಜಾತಿ ಎಂದುಕೊಂಡೇ ಬಸ್ಸು ಹತ್ತಿದೆ ಎಂದು ನನಗೆ ಗೊತ್ತಿತ್ತು. ಗೊತ್ತಿದ್ದೂ ತಡೆಯಲಿಲ್ಲ. ನೀನು ಹಾಗೆಂದುಕೊಂಡರೆ ಗುಟ್ಟು ಉಳಿಯುತ್ತಿತ್ತು. ನನ್ನ ಗುಟ್ಟು ಕಾಯಲು ನಿನಗೆ ಆ ಅವಮಾನ ಹೊರಿಸಿ ಕಳಿಸಿದೆ. ಇದನ್ನು ಬರೆಯಲಿಕ್ಕೇ ಇಷ್ಟು ದಿನ ಬೇಕಾಯಿತು.

ಹೆಸರು ಮಾತ್ರ ಸರಿಯಾಗಿಯೇ ಇಟ್ಟಿದ್ದೀಯ. ಅದು ಕಣ್ಣುಕಟ್ಟೇ.

ಸೀಮಾ

*

ಪುಣೆ
29 ಏಪ್ರಿಲ್ 2025

ಸೀಮಾ,

ಕಾಗದವನ್ನು ಒಲೆಗೆ ಹಾಕಿಲ್ಲ, ನನ್ನ ಮನೆಯಲ್ಲಿ ಇರುವುದು ಗ್ಯಾಸು. ಎರಡು ದಿನ ಚೀಲದಲ್ಲಿಟ್ಟುಕೊಂಡು ಓಡಾಡಿದೆ. ಇಲ್ಲಿಯ ಶಾಲೆಯಲ್ಲಿ ಚಿತ್ರಕಲೆಯ ಪಾಠ ಹೇಳುವಾಗ ನಡುವೆ ನಿಂತು ನಕ್ಕೆ, ಬಸ್ಸಿನಲ್ಲಿ ಅತ್ತೆ. ಪಕ್ಕದ ಹೆಂಗಸು ತನ್ನ ಬಾಟಲಿಯ ನೀರು ಕೊಟ್ಟಳು.

ಮೊದಲು ಸಿಟ್ಟು ಹೇಳಿಬಿಡುತ್ತೇನೆ. ಐದು ವರ್ಷ ನಾನು ಅಪ್ಪನಿಗೆ ‘ಇಜೇರಿಯಲ್ಲೂ ಅಷ್ಟೇ’ ಎಂದು ಹೇಳುತ್ತ ಬಂದೆ. ಅವನು ಪ್ರತಿ ಸಲವೂ ಸುಮ್ಮನೆ ತಲೆಯಾಡಿಸುತ್ತಿದ್ದ. ಆ ತಲೆಯಾಡಿಸುವಿಕೆ ನನ್ನನ್ನು ಸುಟ್ಟಿದೆ. ನಿನಗೆ ಗೊತ್ತಿತ್ತು ಎಂದು ಬರೆದೆಯಲ್ಲ, ಆ ಒಂದು ಸಾಲನ್ನು ನನಗೆ ಇನ್ನೂ ನುಂಗಿಕೊಳ್ಳಲು ಆಗಿಲ್ಲ. ಆಗುತ್ತದೆಯೋ ಇಲ್ಲವೋ ತಿಳಿಯದು.

ಆದರೆ ಸೀಮಾ, ಇನ್ನೂರಕ್ಕೂ ಹೆಚ್ಚು ಹುಲಿಗಳು. ನಾನು ಮೂರು ವರ್ಷ ಒಂದೇ ಮೈಗೆ ಬಣ್ಣ ಬಳಿದುಕೊಂಡು ಕಲಾವಿದೆ ಅನ್ನಿಸಿಕೊಂಡೆ. ಕಣ್ಣಿಗೆ ಬಟ್ಟೆ ಕಟ್ಟಿಕೊಂಡು ನಿಂತು, ಇದು ಪರಂಪರೆ, ಇದು ಹುಟ್ಟು, ಇದು ಕತ್ತಲೆ ಎಂದೆಲ್ಲ ಭಾಷಣ ಮಾಡಿದೆ. ನಾನು ಕಟ್ಟಿಕೊಂಡು ನಿಂತದ್ದು ನಿನ್ನನ್ನು ಮುಚ್ಚಿಟ್ಟ ಬಟ್ಟೆಯನ್ನು. ಜನ ಚಪ್ಪಾಳೆ ತಟ್ಟಿದ್ದು ಅದಕ್ಕೆ. ಇನ್ನು ನಾನು ಅದನ್ನು ಹೇಗೆ ಕಟ್ಟಿಕೊಳ್ಳಲಿ?

ಕಲಬುರಗಿಯಲ್ಲಿ ಹೇಳಲು ಬಿಡು. ‘ಇಜೇರಿಯ ಹುಲಿಗಳನ್ನು ಬರೆಯುವವಳು ಸೀಮಾ’ ಎಂದು ಒಂದೇ ಸಾಲು ಸಾಕು. ನೀನೇ ಬಂದು ನನ್ನ ಮೈಮೇಲೆ ಪಟ್ಟೆ ಎಳೆ, ಎಲ್ಲರ ಎದುರಿಗೆ. ಇನ್ನೂ ಎಷ್ಟು ವರ್ಷ ರೊಟ್ಟಿ ತಟ್ಟುವ ನೆಪದಲ್ಲಿ ಅಡಗಿರುತ್ತೀಯ?

ಬೇಗ ಬರೆ. ನನಗೆ ಕೂತಲ್ಲಿ ಕೂರಲಾಗುತ್ತಿಲ್ಲ.

ಮಧುಮತಿ

*

ಇಜೇರಿ
16 ಮೇ 2025

ಮಧು,

ಬೇಡ. ನಿನಗೆ ಬಿಡಿಸಿ ಹೇಳುತ್ತೇನೆ.

ನಿನಗೆ ಹುಲಿ ಎಂದರೆ ಆಟ. ಬೇಸರ ಮಾಡಿಕೊಳ್ಳಬೇಡ, ಆಟ ಸಣ್ಣದೆಂದು ನಾನು ಹೇಳುತ್ತಿಲ್ಲ. ಇಲ್ಲಿ ಅದು ಹರಕೆ. ಲಾರಿ ಗ್ಯಾರೇಜಿನ ಬುರಾನುದ್ದೀನ ಚಾಚಾ ಇಪ್ಪತ್ತೆರಡು ವರ್ಷದಿಂದ ಹುಲಿ ಆಗುತ್ತಾನೆ. ಅವನ ಮಗಳು ಮುಸ್ಕಾನ ಏಳು ತಿಂಗಳಿಗೇ ಹುಟ್ಟಿ ಬದುಕಿದ್ದಕ್ಕೆ. ಅಜಯಕುಮಾರ ಲೈನ್‌ಮನ್ ಕೆಲಸಕ್ಕೆ ಹರಕೆ ಹೊತ್ತ, ಕೆಲಸ ಸಿಕ್ಕಿತು. ಹೀಗೆ ಹದಿನಾರು ಜನಕ್ಕೂ ಒಂದೊಂದು ಇದೆ. ಇಷ್ಟು ವರ್ಷ ಹೆಣ್ಣಿನ ಕೈಯಿಂದ ಬಣ್ಣ ಬಿದ್ದಿತ್ತೆಂದು ಗೊತ್ತಾದರೆ ಹರಕೆ ಮುಟ್ಟಲಿಲ್ಲ ಎನ್ನುತ್ತಾರೆ. ಯಾರ ಕೂಸಿಗೆ ಜ್ವರ ಬಂದರೂ, ಯಾರ ಎತ್ತು ಸತ್ತರೂ ನಮ್ಮ ಬಾಗಿಲಿಗೆ ಬರುತ್ತಾರೆ. ನೀನು ಪುಣೆಗೆ ಹೋಗುತ್ತೀಯ. ನಾನು ಇಲ್ಲೇ ನೀರು ತರಬೇಕು.

ನನಗೆ ಮೂವತ್ತಾರು. ಬಂದ ಸಂಬಂಧಗಳನ್ನೆಲ್ಲ ಅಪ್ಪ ಒಂದೊಂದು ನೆಪ ಹೇಳಿ ತಿರುಗಿಸಿದ. ಹುಡುಗ ಕುಳ್ಳ, ಊರು ದೂರ, ಮಾವ ಜಗಳಗಂಟ. ನಾನು ಹೋದರೆ ಹುಲಿ ಹೋಗುತ್ತದೆ ಎಂಬ ಮಾತನ್ನು ಅವನು ಆಡಲಿಲ್ಲ, ನಾನೂ ಆಡಿಸಲಿಲ್ಲ. ಇಷ್ಟು ಕೊಟ್ಟು ಕಾಯ್ದ ಗುಟ್ಟನ್ನು ನೀನು ಒಂದು ಸಾಲಿನಲ್ಲಿ ಹೇಳಿ ಮುಗಿಸುತ್ತೇನೆ ಎನ್ನುತ್ತೀಯ.

ಇನ್ನೊಂದು ಸುದ್ದಿ. ಹತ್ತು ದಿನದ ಹಿಂದೆ ಅಪ್ಪನಿಗೆ ಲಕ್ವಾ ಹೊಡೆಯಿತು. ಬಲಗಡೆ ಪೂರ್ತಿ ಬಿದ್ದಿದೆ. ಬೇಕು, ಬೇಡ, ನೀರು, ಇಷ್ಟೇ ಅವನ ಮಾತು. ಕುಂಚ ಹಿಡಿದು ಬಾಗಿಲಲ್ಲಿ ನಿಲ್ಲಲೂ ಇನ್ನು ಅವನಿಂದ ಆಗುವುದಿಲ್ಲ. ಮೊಹರಮ್ಮಿಗೆ ಏಳು ವಾರ ಉಳಿದಿದೆ, ಅಫಜಲಪುರದಿಂದ ಪೇಂಟರನ್ನು ಕರೆಸೋಣ ಎಂದು ಊರಲ್ಲಿ ಮಾತು ನಡೆದಿದೆ. ಅದನ್ನು ಕೇಳಿದಾಗಿನಿಂದ ನನಗೆ ಊಟ ಸೇರುತ್ತಿಲ್ಲ. ರೊಟ್ಟಿ ತಟ್ಟುತ್ತ ಕಲ್ಲಿನ ಮೇಲೆ ಹಿಟ್ಟಿನಲ್ಲೇ ಪಟ್ಟೆ ಎಳೆಯುತ್ತಿರುತ್ತೇನೆ, ಅವ್ವ ನೋಡಿ ಬೈಯುತ್ತಾಳೆ.

ಏನು ಮಾಡಬೇಕೆಂದು ನಾನೇ ಯೋಚಿಸುತ್ತೇನೆ. ನೀನು ಯಾರಿಗೂ ಹೇಳಬೇಡ. ಮಾತು ಕೊಡು.

ಸೀಮಾ

*

ಸರಸಂಬಾ
10 ಜೂನ್ 2025

ಸೀಮಾ,

ಮಾತು ಕೊಡು ಎಂದಿದ್ದೆ. ನಾನು ಉತ್ತರವನ್ನೇ ಬರೆಯಲಿಲ್ಲ. ಕೊಡುತ್ತೇನೆ ಎಂದು ನಾಲ್ಕು ಸಲ ಬರೆದು ಹರಿದೆ.

ನಿನ್ನೆಯ ಪೇಪರು ನೀನು ನೋಡುವ ಮೊದಲು ಈ ಕಾಗದ ತಲುಪಲಿ ಎಂದು ಬೇಡಿಕೊಳ್ಳುತ್ತಿದ್ದೇನೆ, ತಲುಪುವುದಿಲ್ಲ ಎಂದೂ ಗೊತ್ತು. ಎಂಟನೇ ತಾರೀಕು ಸಭಾಂಗಣದಲ್ಲಿ ಮುನ್ನೂರು ಜನ ಇದ್ದರು. ಅಪ್ಪ ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಮುಂದಿನ ಸಾಲಿನಲ್ಲಿ ಕೂತಿದ್ದ. ನಾನು ಮೈತುಂಬ ನೀಲಿ ಬಳಿದುಕೊಂಡು ಬಟ್ಟೆ ಕೈಯಲ್ಲಿ ಹಿಡಿದು ನಿಂತೆ. ಕಣ್ಣಿಗೆ ತಂದೆ, ಕಟ್ಟಲಾಗಲಿಲ್ಲ. ಕೈ ಅಲ್ಲೇ ನಿಂತಿತು. ಜನ ಇದೂ ಪ್ರದರ್ಶನದ ಭಾಗವೇ ಎಂದುಕೊಂಡು ಕಾದರು. ಆಗ ಬಾಯಿಂದ ಬಂದುಬಿಟ್ಟಿತು. ಈ ಬಟ್ಟೆ ಹಳೆಯ ಪದ್ಧತಿ ಎಂದು ನಾನು ಮೂರು ವರ್ಷ ಸುಳ್ಳು ಹೇಳಿದ್ದೇನೆ, ಇದನ್ನು ಕಟ್ಟಿದ್ದು ಹುಲಿ ಬರೆಯುವ ಕೈ ಕಾಣದಿರಲಿ ಎಂದು, ಆ ಕೈ ಒಬ್ಬ ಹೆಣ್ಣಿನದು ಎಂದೆ.

ಬಟ್ಟೆ ಕೆಳಗೆ ಹಾಕಿ ಕಣ್ಣು ತೆರೆದೇ ನಿಂತೆ. ಪಟ್ಟೆ ಎಳೆಯಲು ಯಾರಾದರೂ ಬನ್ನಿ ಎಂದೆ. ಮುನ್ನೂರು ಜನರಲ್ಲಿ ಹನ್ನೊಂದು ಜನ ಬಂದರು. ಕಣ್ಣು ಮುಚ್ಚಿದ್ದಾಗ ಕುತ್ತಿಗೆಯವರೆಗೂ ಕುಂಚ ಒತ್ತುತ್ತಿದ್ದಂಥ ಕೈಗಳೇ ಇವು. ನನ್ನ ಕಣ್ಣು ನೋಡಿ ಇಷ್ಟಿಷ್ಟೇ ಗೆರೆ ಎಳೆದು ಹೋದರು.

ನಿನ್ನ ಹೆಸರು ಹೇಳಲಿಲ್ಲ. ಹೇಳಲಿಲ್ಲವಲ್ಲ ಎಂದು ದಾರಿಯುದ್ದಕ್ಕೂ ನನ್ನನ್ನು ನಾನೇ ಸಮಾಧಾನ ಮಾಡಿಕೊಂಡೆ. ಪೇಪರಿನವರು ಕರಪತ್ರ ನೋಡಿ ಇಜೇರಿ ಎಂದು ಹಾಕಿದ್ದಾರೆ. ನಾನು ಆ ಹೆಸರನ್ನು ತೆಗೆಸಿರಲಿಲ್ಲ. ನೀನು ಮಾರ್ಚಿನಲ್ಲೇ ಹೇಳಿದ್ದೆ. ಅಪ್ಪ ಪೇಪರು ಮಡಚಿ ಇಟ್ಟು ನನ್ನನ್ನು ನೋಡಿದ. “ಹೆಸರ ಹೇಳಿಲ್ಲಂತಿ. ಇಜೇರ್ಯಾಗ ಬ್ರಶ್ಶು ಹಿಡಿಯೋ ಹೆಣಮಕ್ಕಳು ಎಷ್ಟ ಮಂದಿ ಅದಾರ ಬೇ?” ಎಂದ.

ಉಗುರಿನ ಸಂದಿಯಲ್ಲಿ ನೀಲಿ ಇನ್ನೂ ಹೋಗಿಲ್ಲ.

ಮಧುಮತಿ

*

ಇಜೇರಿ
14 ಜೂನ್ 2025

ಒಬ್ಬಳೇ ಇದ್ದಾಳೆ. ನಿಮ್ಮಪ್ಪನಿಗೆ ಹೇಳು.

ಇನ್ನು ಬರೆಯಬೇಡ.

ಸೀಮಾ

*

ಸರಸಂಬಾ
27 ಜೂನ್ 2025

ಸೀಮಾ,

ಬರೆಯಬೇಡ ಎಂದೆ, ಬರೆಯುತ್ತಿದ್ದೇನೆ. ಉತ್ತರ ಬೇಡ.

ನಿನ್ನೆ ಆಳಂದದಿಂದ ಬಸ್ಸು ಹಿಡಿದು, ಕಲಬುರಗಿಯಲ್ಲಿ ಬದಲಿಸಿ ಜೇವರ್ಗಿಯವರೆಗೆ ಬಂದೆ. ನಿನ್ನ ಎದುರು ನಿಲ್ಲೋಣ, ಬೈದರೆ ಬೈಯಿಸಿಕೊಳ್ಳೋಣ, ಕಾಕಾನ ಕಾಲು ಒತ್ತೋಣ ಎಂದು. ಬಸ್‌ಸ್ಟ್ಯಾಂಡಿನ ಎದುರು ಹೋಟೆಲಿನಲ್ಲಿ ಚಹಾ ಕುಡಿಯುವಾಗ ಪಕ್ಕದ ಮೇಜಿನವರು ಇಜೇರಿಯ ಮಾತೇ ಆಡುತ್ತಿದ್ದರು. ಪೇಪರಿನಲ್ಲಿ ಬಂದ ನೀಲಿ ಹೆಂಗಸು ಆ ಪೇಂಟರನ ಮಗಳ ಗೆಳತಿಯಂತೆ ಎಂದರು. ನಾನು ಊರಿಗೆ ಕಾಲಿಟ್ಟರೆ ನಿನ್ನ ಕಷ್ಟ ಇಮ್ಮಡಿ ಆಗುತ್ತದೆ ಎಂದು ಆಗ ಹೊಳೆಯಿತು. ಎರಡು ತಾಸು ಅಲ್ಲೇ ಕೂತು, ನೀನು ಬರೆದ ಬೋರ್ಡುಗಳನ್ನು ಎಣಿಸಿ ತಿರುಗಿ ಬಂದೆ.

ನಾನು ಮಾಡಿದ್ದು ಸತ್ಯಕ್ಕಾಗಿ ಎಂದು ಹೇಳಿಕೊಳ್ಳಲು ನೋಡಿದೆ. ಅರ್ಧ ಅಷ್ಟೇ ನಿಜ. ಇನ್ನರ್ಧ, ಐದು ವರ್ಷದ ಸಿಟ್ಟು. ಅದು ಆ ವೇದಿಕೆಯ ಮೇಲೆ ನನ್ನ ಬಾಯಲ್ಲಿ ಇತ್ತು. ಮುಂದಿನ ಎರಡು ಊರಿನ ಪ್ರದರ್ಶನ ಬೇಡವೆಂದು ತಿಳಿಸಿದ್ದೇನೆ. ನೀನು ಈ ಮೊಹರಮ್ಮಿಗೆ ಕುಂಚ ಕೆಳಗಿಟ್ಟರೆ ಇಡಿಸಿದವಳು ನಾನು.

ಮಧುಮತಿ

*

ಇಜೇರಿ
10 ಜುಲೈ 2025

ಮಧು,

ಬರೆಯಬೇಡ ಎಂದದ್ದು ನಿನಗೆ. ನಾನು ಬರೆಯುವುದಿಲ್ಲ ಎಂದು ಎಲ್ಲೂ ಹೇಳಿರಲಿಲ್ಲ.

ಪೇಪರು ಬಂದ ಮರುದಿನದಿಂದ ನಳದ ಹತ್ತಿರ ನಾನು ಹೋದರೆ ಮಾತು ನಿಲ್ಲುತ್ತಿತ್ತು. ಇಬ್ಬರು ಹೆಂಗಸರು ಮನೆಗೇ ಬಂದು, ನಮ್ಮ ಗಂಡಂದಿರ ಹರಕೆ ಮುಟ್ಟಿದೆಯೋ ಇಲ್ಲವೋ ಎಂದು ಅವ್ವನನ್ನು ಕೇಳಿದರು. ಹರಕೆ ತಗೊಂಡವರನ್ನು ಹೋಗಿ ಕೇಳಿ, ನನ್ನನ್ನೇನು ಕೇಳುತ್ತೀರಿ ಎಂದು ಅವ್ವ ಕಸಬರಿಗೆ ಕೈಗೆತ್ತಿಕೊಂಡಳು. ಅಜಯಕುಮಾರ ಬಾಗಿಲಲ್ಲಿ ನಿಂತು, ಈ ವರ್ಷ ಬೈಕಿನಿಂದ ಬಿದ್ದು ತನ್ನ ಕೈ ಮುರಿದದ್ದು ನನ್ನಿಂದಲೇ ಎಂದ. ಕುಡಿದು ಬಿದ್ದಿದ್ದ, ಊರಿಗೆಲ್ಲ ಗೊತ್ತು. ಆದರೂ ಅವನ ಹೆಂಡತಿ ಅವನ ಹಿಂದೆ ನಿಂತು ಅಳುತ್ತಿದ್ದಳು, ಅದನ್ನು ನೋಡಿ ನನಗೆ ಸಿಟ್ಟು ಬರಲಿಲ್ಲ, ಭಯವಾಯಿತು. ಮೂರು ವಾರ ನಾನು ಒಂದು ಬೋರ್ಡೂ ಬರೆಯಲಿಲ್ಲ. ಬಣ್ಣದ ಡಬ್ಬಿಗಳನ್ನು ಗೋಣಿಯಲ್ಲಿ ಕಟ್ಟಿ ಅಟ್ಟಕ್ಕೆ ಹಾಕಿದೆ, ಮರುದಿನ ಇಳಿಸಿದೆ, ಮತ್ತೆ ಹಾಕಿದೆ.

ಹದಿನಾರರಲ್ಲಿ ಏಳು ಜನ ಅಫಜಲಪುರಕ್ಕೆ ಹೋಗಿ ಸ್ಪ್ರೇ ಮಷಿನ್ನಿನಿಂದ ಬಣ್ಣ ಹೊಡೆಸಿಕೊಂಡು ಬಂದರು. ಕಂಕುಳು, ಕಿವಿಯ ಹಿಂದೆ ಎಲ್ಲ ಖಾಲಿ. ಜೇವರ್ಗಿ ದಾಟುವುದರೊಳಗೆ ಬೆವರಿಗೆ ಪಟ್ಟೆಗಳು ಇಳಿದು, ಹುಲಿ ಯಾವುದು ಕತ್ತೆ ಯಾವುದು ತಿಳಿಯದಂತಾಗಿತ್ತು. ಅವರನ್ನು ಕಂಡು ನಗಬೇಕೆಂದು ಬಹಳ ಪ್ರಯತ್ನ ಮಾಡಿದೆ.

ಐದನೇ ತಾರೀಕು, ಶನಿವಾರ ಬೆಳಿಗ್ಗೆ ಬಣ್ಣದ ಕೋಣೆಯ ಮುಂಬಾಗಿಲನ್ನು ನಾನೇ ತೆಗೆದೆ. ಆ ಬಾಗಿಲಿನಿಂದ ನಾನು ಒಳಗೆ ಹೋದದ್ದು ಅದೇ ಮೊದಲು. ಹಳದಿ ಕಲಸಿದೆ, ಕಪ್ಪು ಕಲಸಿದೆ. ಅಪ್ಪ ಹೊರಸಿನ ಮೇಲೆ ಮಲಗಿದ್ದವನು ಎಡಗೈಯಿಂದ ಕೋಣೆಯ ಕಡೆ ತೋರಿಸಿ ಬೇಕು ಬೇಕು ಎಂದ. ನಾನೂ ಅವ್ವನೂ ಹೊರಸು ಎತ್ತಿ ಅವನು ಯಾವಾಗಲೂ ನಿಲ್ಲುತ್ತಿದ್ದ ಮೂಲೆಯಲ್ಲಿಟ್ಟೆವು. ಒಂಬತ್ತಾಯಿತು, ಹತ್ತಾಯಿತು, ಯಾರೂ ಬರಲಿಲ್ಲ. ಕಲಸಿದ ಹಳದಿಯ ಮೇಲೆ ಕೆನೆ ಕಟ್ಟುತ್ತಿತ್ತು. ನಾನು ಕಲಕುತ್ತ ಕೂತಿದ್ದೆ. ಇನ್ನು ಸಾಕು, ಡಬ್ಬಿ ಚೆಲ್ಲಿಬಿಡೋಣ ಎಂದು ಏಳುವಾಗ ಬುರಾನುದ್ದೀನ ಚಾಚಾ ಬಂದ.

ಮೈ ಬೋಳಿಸಿಕೊಂಡು, ಎಣ್ಣೆ ಹಚ್ಚಿಕೊಂಡು, ತಯಾರಾಗಿಯೇ ಬಂದಿದ್ದ. ನನ್ನ ಕೈ ರೂಢಿಯಂತೆ ಧೋತರದ ಪಟ್ಟಿಗೆ ಹೋಯಿತು. ಚಾಚಾ ಅದನ್ನು ನೋಡಿದ. “ಬಟ್ಟಿ ಯಾಕ ಬೇಟಿ? ಬ್ರಶ್ಶು ಬೆನ್ನಮ್ಯಾಗ, ಕೆಮ್ಮು ಮೂಲ್ಯಾಗ. ಹನ್ನೆರಡ ವರ್ಷದಿಂದ ಗೊತ್ತದ ನಂಗ,” ಎಂದ.

ನಾನು ಬಳೆ ತೆಗೆದಿದ್ದೆ, ಕಾಲ್ಗೆಜ್ಜೆ ತೆಗೆದಿದ್ದೆ, ಉಸಿರು ಬಿಗಿಹಿಡಿದಿದ್ದೆ. ಅಪ್ಪನ ಬೀಡಿಯ ಕೆಮ್ಮು ಯಾರ ಲೆಕ್ಕದಲ್ಲೂ ಇರಲಿಲ್ಲ. ಹಾಗಿದ್ದರೆ ಇಷ್ಟು ವರ್ಷ ಯಾಕೆ ಸುಮ್ಮನಿದ್ದೆ ಎಂದು ಕೇಳಿದೆ. ಹೇಳಿದ್ದರೆ ನೀನು ಕುಂಚ ಇಡಬೇಕಾಗುತ್ತಿತ್ತು, ಆಮೇಲೆ ಇಂಥ ಪಟ್ಟೆ ನನಗೆ ಯಾರು ಎಳೆಯುತ್ತಿದ್ದರು ಎಂದ. ಮುಸ್ಕಾನ ಈಗ ಡಿಗ್ರಿ ಓದುತ್ತಿದ್ದಾಳೆ, ಹರಕೆ ಎಲ್ಲಿ ಮುಟ್ಟಬೇಕೋ ಮುಟ್ಟಿದೆ ಎಂದೂ ಹೇಳಿದ. ಎಲ್ಲರಿಗೂ ಗೊತ್ತಿತ್ತೇ ಎಂದರೆ, ಕೆಲವರಿಗೆ ಎಂದ. ಯಾರು ಯಾರು ಎಂದು ಹೇಳಲಿಲ್ಲ, ನಾನೂ ಕೇಳಲಿಲ್ಲ. ಅವನು ಒಳಗೆ ಹೋದದ್ದನ್ನು ಕಂಡು ಇನ್ನೂ ಎಂಟು ಜನ ಒಬ್ಬೊಬ್ಬರಾಗಿ ಬಂದು ಬಾಗಿಲಲ್ಲಿ ನಿಂತರು.

ನಿನ್ನನ್ನು ಕ್ಷಮಿಸಿದ್ದೇನೆ ಎಂದುಕೊಳ್ಳಬೇಡ. ಬಾಗಿಲು ತೆಗೆಯಬೇಕಾದವಳು ನಾನು, ನೀನು ಹೊರಗಿನಿಂದ ಒದ್ದೆ. ಆ ಏಳು ಜನರ ಮನೆಯವರು ಇನ್ನೂ ನನ್ನ ಜೊತೆ ಮಾತಾಡುವುದಿಲ್ಲ, ಆಡುತ್ತಾರೆಂಬ ನಂಬಿಕೆಯೂ ಇಲ್ಲ. ಆದರೆ 2019ರಲ್ಲಿ ನಾನೂ ನಿನ್ನನ್ನು ಕೇಳದೆಯೇ ನಿನ್ನ ಮೇಲೆ ಭಾರ ಹೊರಿಸಿದ್ದೆ. ನೀನು ಆ ಸಾಲನ್ನು ನುಂಗಿಕೊಂಡ ದಿನ ಹೇಳು, ನಾನು ಇದನ್ನು ನುಂಗಲು ನೋಡುತ್ತೇನೆ. ಮುಂದಿನ ವರ್ಷ ಬರುವುದಿದ್ದರೆ ಕೋಣೆಗೇ ಬಾ, ಹೊರಗೆ ನಿಲ್ಲಬೇಡ. ಜೈಭೀಮ ಮೇಷ್ಟ್ರನ್ನೂ ಕರೆದುಕೊಂಡು ಬಾ, ಅವರಿಗೆ ಮನಸ್ಸಿದ್ದರೆ. ನೀಲಿ ಡಬ್ಬಿ ನೀನೇ ತರಬೇಕು, ನನ್ನ ಹತ್ತಿರ ಇಲ್ಲ.

ಒಂದು ಮಾತು ಉಳಿಯಿತು. ಬಟ್ಟೆ ಕಟ್ಟಿದ ಮೈಮೇಲೆ ಬರೆಯುವುದು ಬೇರೆ, ನೋಡುವ ಕಣ್ಣುಗಳ ಮುಂದೆ ಬರೆಯುವುದು ಬೇರೆ. ಚಾಚಾನ ಕಣ್ಣು, ಬಾಗಿಲಲ್ಲಿ ನಿಂತ ಎಂಟು ಜನರ ಕಣ್ಣು. ಹಳದಿ ಹೇಗೋ ಆಯಿತು. ಕಪ್ಪು ಅದ್ದಿ ಕಾಲಿನ ಮೇಲೆ ಮೊದಲ ಪಟ್ಟೆ ಎಳೆದೆ, ನನ್ನ ಕೈ ನಡುಗಿತು. ನೋಡದವಳ ಹಾಗೆ ಎದೆಯ ಪಟ್ಟೆಗೆ ಹೋದೆ. ಆ ಕೋಣೆಯಲ್ಲಿ ಅಪ್ಪ ಎಂದೂ ಬಾಯಿ ಬಿಟ್ಟು ನನಗೆ ಏನೂ ಹೇಳಿದವನಲ್ಲ, ಬಿಟ್ಟರೆ ಗುಟ್ಟು ಹೋಗುತ್ತಿತ್ತು. ತಪ್ಪಾದರೆ ಬೆರಳಿನಿಂದ ತೋರಿಸುತ್ತಿದ್ದ. ಅವತ್ತು ಹೊರಸಿನ ಮೇಲಿಂದ ಗಂಟಲು ಕೆರೆದ ಸದ್ದು ಬಂತು. ನೀರು ಬೇಕೇನೋ ಎಂದು ತಿರುಗಿದೆ. ಅವನ ಬಾಯಿ ಒಂದು ಕಡೆ ಸೊಟ್ಟಗೆ ಎಳೆದಿತ್ತು, ಮಾತು ಬರಲು ಬಹಳ ಹೊತ್ತು ಹಿಡಿಯಿತು.

“ಸೀಮಾ,” ಎಂದ. “ಎಡಗಾಲ… ಪಟ್ಟಿ ಸೊಟ್ಟ ಆಗ್ಯಾದ. ಅಳಿಸಿ ಬರಿ.”

ಅಲ್ಲಿದ್ದವರೆಲ್ಲ ಕೇಳಿಸಿಕೊಂಡರು. ಚಾಚಾ ಎಡಗಾಲನ್ನು ಒಂದು ಹೆಜ್ಜೆ ಮುಂದಿಟ್ಟ, ನಾನು ಒದ್ದೆ ಬಟ್ಟೆ ತಗೊಂಡು ಆ ಪಟ್ಟೆ ಒರೆಸಿದೆ.

ಸೀಮಾ